ಇನ್ನೂರು ಪುಟಗಳ ಕತೆಗಾರ

ಊರು ಉಂಡು ಮಲಗುತ್ತದೆ. ಒಂದೊಂದೇ ಮನೆಯಲ್ಲಿ ದೀಪ ಆರುತ್ತದೆ. ಆರಿದ ದೀಪಗಳ ಜೋತಮ್ಮಗಳು ತಂತಮ್ಮ ಮನೆ ಬಿಟ್ಟು ಹೊರಬರುತ್ತವೆ, ಒಂದೆಡೆ ಕಲೆತು ಕೂರುತ್ತವೆ, ಹಗಲೆಲ್ಲ ಕಂಡ ಸುಖದುಃಖ, ಜಗಳ, ಗುಟ್ಟುಗಳನ್ನು ಒಬ್ಬರ ಮುಂದೊಬ್ಬರು ಬಿಚ್ಚಿಡುತ್ತವೆ. ಮನುಷ್ಯರು ಬಾಯಿಬಿಟ್ಟು ಹೇಳದ್ದನ್ನೆಲ್ಲ ದೀಪಗಳು ಹೇಳಿಬಿಡುತ್ತವೆ. ದೇವನೂರ ಮಹಾದೇವ ಅವರ ‘ಕುಸುಮಬಾಲೆ’ ಕಾದಂಬರಿಯಲ್ಲಿ ಬರುವ ಈ ಕೂಟ ಆಧುನಿಕ ಕನ್ನಡ ಗದ್ಯದ ಅಪರೂಪದ ಚಿತ್ರಗಳಲ್ಲಿ ಒಂದು.

ಚಾಮರಾಜನಗರ, ಗುಂಡ್ಲುಪೇಟೆ ಕಡೆ ಮಹಾದೇವ ಅವರ ಹೆಸರು ಕೇಳದವರು ಕಡಿಮೆ. ಹತ್ತನೇ ತರಗತಿಯಲ್ಲಿ ಅವರ ಪಾಠ ಓದಿದವರಿದ್ದಾರೆ, ರೈತಸಂಘದ ಅಥವಾ ದಲಿತ ಸಂಘಟನೆಯ ವೇದಿಕೆಯಲ್ಲಿ ಅವರನ್ನು ಕಂಡವರಿದ್ದಾರೆ. ಪ್ರಶಸ್ತಿ ಬೇಡವೆಂದರಂತೆ, ಪದವಿ ಬೇಡವೆಂದರಂತೆ ಎಂಬ ಸುದ್ದಿಯನ್ನಂತೂ ಎಲ್ಲರೂ ಕೇಳಿದ್ದಾರೆ. ಅವರ ಪುಸ್ತಕಗಳನ್ನು ಮೊದಲಿನಿಂದ ಕೊನೆಯವರೆಗೆ ಓದಿದವರ ಸಂಖ್ಯೆ ಮಾತ್ರ ಅಷ್ಟಿಲ್ಲ. ವಿಚಿತ್ರವೆಂದರೆ ಓದಬೇಕಾದದ್ದು ಬೆಟ್ಟದಷ್ಟೇನೂ ಇಲ್ಲ. ಒಂದು ಕಥಾಸಂಕಲನ, ಒಂದು ಕಿರುಕಾದಂಬರಿ, ಒಂದು ಕಾದಂಬರಿ; ಮೂರೂ ಸೇರಿ 200 ಪುಟಗಳ ಆಸುಪಾಸು.

ಮೂರು ತಾಲ್ಲೂಕಿನ ಒಂದು ಮಾತು

ಮಹಾದೇವ ಹುಟ್ಟಿದ್ದು 1948ರಲ್ಲಿ, ನಂಜನಗೂಡು ತಾಲ್ಲೂಕಿನ ದೇವನೂರಿನಲ್ಲಿ. ನಂಜನಗೂಡು ತಾಲ್ಲೂಕಿನ ಗಡಿ ಒಂದು ಮಗ್ಗುಲಲ್ಲಿ ಚಾಮರಾಜನಗರಕ್ಕೂ ಇನ್ನೊಂದು ಮಗ್ಗುಲಲ್ಲಿ ಗುಂಡ್ಲುಪೇಟೆಗೂ ತಾಗುತ್ತದೆ. ಅವರು ತಮ್ಮ ಕತೆ ಕಾದಂಬರಿಗಳನ್ನೆಲ್ಲ ಬರೆದು ಮುಗಿಸಿದ ಕಾಲಕ್ಕೆ ಇವು ಮೂರೂ ಮೈಸೂರು ಜಿಲ್ಲೆಯ ತಾಲ್ಲೂಕುಗಳೇ. 1997ರಲ್ಲಿ ಚಾಮರಾಜನಗರ ಪ್ರತ್ಯೇಕ ಜಿಲ್ಲೆಯಾದಾಗ ನಂಜನಗೂಡು ಆಚೆ ಉಳಿಯಿತು, ಉಳಿದೆರಡು ಈಚೆ ಬಂದವು. ಕಂದಾಯ ಇಲಾಖೆಯ ಈ ಗೆರೆ ಜನರ ಬಾಯಿಗೆ ಅನ್ವಯಿಸಲಿಲ್ಲ. ಪದದ ಕೊನೆಯ ಎಕಾರ ಅಕಾರವಾಗಿ ‘ಮನೆ’ ‘ಮನ’ ಆಗುವ, ‘ಕತೆ’ ‘ಕತ’ ಆಗುವ, ಹಕಾರ ಸಲೀಸಾಗಿ ಉದುರಿಹೋಗುವ ಮಾತು ಇಡೀ ಸೀಮೆಯದು. ಮಹಾದೇವ ಅವರ ಪುಸ್ತಕಗಳು ಮಾತಾಡುವುದೂ ಅದನ್ನೇ.

ಓದು ಅವರನ್ನು ಮೈಸೂರಿಗೆ ತಂದಿತು. ಮಾನಸಗಂಗೋತ್ರಿಯಲ್ಲಿ ಕನ್ನಡ ಎಂ.ಎ. ಮುಗಿಸಿ, ಅಲ್ಲಿನ ಭಾರತೀಯ ಭಾಷಾ ಸಂಸ್ಥಾನದಲ್ಲಿ ಕೆಲಸಕ್ಕೆ ಸೇರಿದರು. ಮುಂದೆ ಆ ಸರ್ಕಾರಿ ನೌಕರಿ ಬಿಟ್ಟು ಬೇಸಾಯಕ್ಕೆ ಇಳಿದರು.

ಆಗಿನ ಮೈಸೂರು ಬಿಸಿಯಾಗಿತ್ತು. ಲೋಹಿಯಾ ವಿಚಾರಗಳನ್ನು ಹಿಡಿದ ಸಮಾಜವಾದಿ ಯುವಜನ ಸಭಾ ಹುಡುಗರನ್ನು ಸೆಳೆಯುತ್ತಿತ್ತು. ಮಹಾದೇವ ಅದರ ಒಡನಾಟದಲ್ಲಿ ಬೆಳೆದವರು. 1973ರ ಕೊನೆಯಲ್ಲಿ ಸಚಿವ ಬಿ. ಬಸವಲಿಂಗಪ್ಪನವರು ಮೈಸೂರಿನಲ್ಲಿ ಮಾತಾಡುತ್ತಾ ಕನ್ನಡ ಸಾಹಿತ್ಯದಲ್ಲಿ ಬಹುಪಾಲು ಬೂಸಾ ಎಂದುಬಿಟ್ಟರು. ದನಕ್ಕೆ ಹಾಕುವ ಬೂಸಾದ ಹೆಸರಿನಲ್ಲಿ ರಾಜ್ಯವೇ ಹೊತ್ತಿಕೊಂಡಿತು. ದಲಿತ ವಿದ್ಯಾರ್ಥಿಗಳ ಮೇಲೆ ಹಲ್ಲೆಗಳಾದವು, ಬಸವಲಿಂಗಪ್ಪ ರಾಜೀನಾಮೆ ಕೊಡಬೇಕಾಯಿತು. ಆ ಪೆಟ್ಟಿನ ಬೆನ್ನಲ್ಲೇ, 70ರ ದಶಕದ ನಡುಭಾಗದಲ್ಲಿ ಬಿ. ಕೃಷ್ಣಪ್ಪ, ಸಿದ್ದಲಿಂಗಯ್ಯ, ಮಹಾದೇವ ಮೊದಲಾದವರು ಸೇರಿ ಕಟ್ಟಿದ್ದು ದಲಿತ ಸಂಘರ್ಷ ಸಮಿತಿ.

ಬೂಸಾ ಗಲಾಟೆಯಾದ 1973ರಲ್ಲೇ ಮಹಾದೇವ ಅವರ ಮೊದಲ ಪುಸ್ತಕವೂ ಬಂತು.

ಅಮಾಸ ಕುಣಿದ ಹುಲಿ

ಆ ಪುಸ್ತಕ ‘ದ್ಯಾವನೂರು’. ಬೆರಳೆಣಿಕೆಯ ಕತೆಗಳ ತೆಳ್ಳನೆಯ ಸಂಕಲನ. ಊರಿಗೆ ಡಾಂಬರು ರಸ್ತೆ ಬರುವುದರ ಸುತ್ತ ಹೆಣೆದ ‘ಡಾಂಬರು ಬಂದುದು’, ‘ಮಾರಿಕೊಂಡವರು’, ‘ಗ್ರಸ್ತರು’, ‘ಮೂಡಲ ಸೀಮೇಲಿ ಕೊಲೆಗಿಲೆ ಮುಂತಾಗಿ’ ಇದರಲ್ಲಿವೆ. ಇಲ್ಲಿನ ಕತೆಗಳನ್ನು ಆಧರಿಸಿ ಕೆ. ಶಿವರುದ್ರಯ್ಯ ‘ಮಾರಿಕೊಂಡವರು’ ಎಂಬ ಚಲನಚಿತ್ರ ಮಾಡಿದರು.

ಹೊಸ ಓದುಗರು ಮೊದಲು ಹಿಡಿಯಬೇಕಾದ ಕತೆ ‘ಅಮಾಸ’. ಅಮಾಸ ಮಾರಿಗುಡಿಯಲ್ಲಿ ಬೆಳೆಯುವ ತಬ್ಬಲಿ ಹುಡುಗ. ಅಲ್ಲೇ ಮಲಗುವ ಮುದುಕ ಕುರಿಯಯ್ಯನೇ ಅವನಿಗೆ ದಿಕ್ಕು. ಕುರಿ ಕಾದೂ ಕಾದೂ ಕುರಿಯಯ್ಯನ ನಿಜ ಹೆಸರೇ ಊರಿಗೆ ಮರೆತುಹೋಗಿದೆ. ಇಬ್ಬರೂ ಊರಿನ ಲೆಕ್ಕಕ್ಕೆ ಇಲ್ಲದವರು. ಮಾರಿಹಬ್ಬ ಬರುತ್ತದೆ, ಹುಲಿವೇಷ ಕಟ್ಟಿದ ಹುಡುಗ ಕುಣಿಯುತ್ತಾನೆ, ಊರು ಕಣ್ಣರಳಿಸಿ ನೋಡುತ್ತದೆ. ಕತೆಯಲ್ಲಿ ಭಾಷಣವಿಲ್ಲ, ಕಣ್ಣೀರಿಲ್ಲ, ಅನ್ಯಾಯ ಎಂಬ ಪದವನ್ನು ಯಾರೂ ಆಡುವುದಿಲ್ಲ. ದಲಿತ ಬರವಣಿಗೆ ಎಂದರೆ ಬರೀ ಸಿಟ್ಟು ಎಂದುಕೊಂಡಿದ್ದವರಿಗೆ ಈ ಕತೆಯ ತಣ್ಣನೆಯ ದನಿ ಹೊಸದಾಗಿತ್ತು. ಎ.ಕೆ. ರಾಮಾನುಜನ್ ಮತ್ತು ಮನು ಶೆಟ್ಟಿ ಇದನ್ನು ಇಂಗ್ಲಿಷಿಗೆ ತಂದರು.

ಸಾಕವ್ವನ ಮನೆಯ ಗೋಡೆ

70ರ ದಶಕದ ಕೊನೆಗೆ ಬಂದ ಕಿರುಕಾದಂಬರಿ ‘ಒಡಲಾಳ’. ನಡೆಯುವುದು ಒಂದು ಹಗಲು, ಒಂದು ರಾತ್ರಿಯ ಆಚೀಚೆ. ಮುದುಕಿ ಸಾಕವ್ವನ ಹುಂಜ ಕಾಣೆಯಾಗಿದೆ. ಅದನ್ನು ಹುಡುಕುತ್ತಾ, ಕದ್ದವರನ್ನು ಬಾಯಿತುಂಬ ಶಪಿಸುತ್ತಾ ಆಕೆ ಕೇರಿಯೆಲ್ಲ ಸುತ್ತುತ್ತಾಳೆ. ಆ ಬೈಗುಳದ ಜಾಡು ಹಿಡಿದೇ ಓದುಗರು ಆ ಮನೆಯೊಳಗೆ ಕಾಲಿಡುವುದು. ಮೂವರು ಗಂಡುಮಕ್ಕಳು, ಸೊಸೆಯರು, ಮಗಳು, ಮೊಮ್ಮಕ್ಕಳು. ಎಲ್ಲರ ಹೊಟ್ಟೆಯೂ ಖಾಲಿ.

ರಾತ್ರಿ ಒಬ್ಬ ಮಗ ಒಂದು ಮೂಟೆ ಕಡಲೇಕಾಯಿ ಹೊತ್ತು ತರುತ್ತಾನೆ. ಊರ ಸಾಹುಕಾರನ ಮಾಲು. ಬೆಂಕಿಯ ಸುತ್ತ ಮನೆಮಂದಿಯೆಲ್ಲ ಕೂತು ಸುಲಿದು ತಿನ್ನತೊಡಗುತ್ತಾರೆ. ಹಗಲಿನ ಜಗಳ, ಪಾಲುಪಟ್ಟಿಯ ಕಿರಿಕಿರಿ ಎಲ್ಲ ಮರೆತು ನಗೆ, ಕತೆ, ಚೇಷ್ಟೆ ಶುರುವಾಗುತ್ತದೆ. ಕನ್ನಡ ಸಾಹಿತ್ಯದಲ್ಲಿ ಹಬ್ಬದೂಟದ ವರ್ಣನೆಗಳು ಸಾಕಷ್ಟಿವೆ. ಹಸಿದವರ ಹಬ್ಬ ಹೇಗಿರುತ್ತದೆಂದು ತೋರಿಸಿದ್ದು ಈ ಕೆಲವು ಪುಟಗಳು. ಬೆಳಗಾಗುವುದರೊಳಗೆ ಸಿಪ್ಪೆ ಸಹಿತ ಸಾಕ್ಷಿ ಮಾಯ. ಪೊಲೀಸರು ಬಂದು ಮನೆ ಜಾಲಾಡುತ್ತಾರೆ. ಏನೂ ಸಿಗುವುದಿಲ್ಲ. ಅವರ ಕಣ್ಣಿಗೆ ಬೀಳುವುದು ಮನೆಯ ಹುಡುಗಿ ಪುಟಗೌರಿ ಗೋಡೆಯ ಮೇಲೆ ಬರೆದ ನವಿಲು. ಬಡವರ ಮನೆಯಲ್ಲಿ ಕದ್ದ ಮಾಲು ಇರಬಹುದೆಂದು ಬಂದವರಿಗೆ, ಅಲ್ಲಿ ಇಂಥದ್ದೊಂದು ಚೆಲುವು ಇರಬಹುದೆಂಬ ಅಂದಾಜೇ ಇರುವುದಿಲ್ಲ. ಮುಂದೆ ಮಹಾದೇವ ಅವರ ಸಾಹಿತ್ಯದ ಬಗೆಗಿನ ಬರಹಗಳನ್ನು ಪಿ. ಚಂದ್ರಿಕಾ ಸಂಪಾದಿಸಿದಾಗ ಆ ಪುಸ್ತಕಕ್ಕೆ ‘ಯಾರ ಜಪ್ತಿಗೂ ಸಿಗದ ನವಿಲುಗಳು’ ಎಂದೇ ಹೆಸರಿಟ್ಟರು.

‘ಒಡಲಾಳ’ವನ್ನು ಓದದವರಿಗೂ ತಲುಪಿಸಿದ್ದು ರಂಗಭೂಮಿ. ಸಿ.ಜಿ. ಕೃಷ್ಣಸ್ವಾಮಿ ನಿರ್ದೇಶಿಸಿದ ನಾಟಕದಲ್ಲಿ ಉಮಾಶ್ರೀ ಸಾಕವ್ವನಾದರು. ಆ ಪಾತ್ರ ಅವರ ಹೆಸರಿನ ಜತೆ ಅಂಟಿಕೊಂಡುಬಿಟ್ಟಿತು.

ಕೊಲೆಯೊಂದರ ಸುತ್ತ ನಾಲ್ಕು ತಲೆಮಾರು

‘ಕುಸುಮಬಾಲೆ’ 80ರ ದಶಕದ ಕಾದಂಬರಿ. 1990ರ ಕೇಂದ್ರ ಸಾಹಿತ್ಯ ಅಕಾಡೆಮಿ ಪ್ರಶಸ್ತಿ ಇದಕ್ಕೆ ಬಂತು. ಕತೆಯ ಎಳೆ ಪತ್ರಿಕೆಯ ಒಳಪುಟದಲ್ಲಿ ಆಗಾಗ ಕಾಣುವಂಥದ್ದೇ: ಉಳ್ಳವರ ಮನೆಯ ಹುಡುಗಿ ಕುಸುಮಾ, ಹೊಲಗೇರಿಯ ಹುಡುಗ ಚನ್ನ, ಇಬ್ಬರ ನಡುವಿನ ಒಲವು, ಚನ್ನನ ಕೊಲೆ. ಸತ್ತಿದ್ದಾನೆಂದು ಹೆತ್ತವರಿಗೆ ಗೊತ್ತಿಲ್ಲ. ಮಗ ಬೊಂಬಾಯಿಗೆ ಹೋಗಿದ್ದಾನೆ, ಇವತ್ತಲ್ಲ ನಾಳೆ ಬರುತ್ತಾನೆ ಎಂದು ಕಾಯುತ್ತಾರೆ.

ಇಷ್ಟನ್ನೇ ನೇರ ಹೇಳಿದ್ದರೆ ಅದೊಂದು ಮರುಕದ ಕತೆಯಾಗಿ ಮುಗಿಯುತ್ತಿತ್ತು. ಮಹಾದೇವ ಹಿಂದಕ್ಕೆ ಹೋಗುತ್ತಾರೆ. ಕುಸುಮಾಳ ಮನೆತನದ ಬುಡದಲ್ಲಿ ಅಕ್ಕಮಾದೇವಿ ಇದ್ದಾಳೆ. ವಿಧವೆಯಾದ ಮೇಲೆ ಆಕೆ ಹೆತ್ತ ಮಗ ಯಾಡ. ಯಾಡನ ಮಗ ಸೋಮಪ್ಪ, ಅವನ ಮಗಳು ಕುಸುಮಾ. ಕುಲ ಕೆಟ್ಟಿತೆಂದು ಕೊಲ್ಲುವ ಮನೆಗೆ ಕುಲವೆಂಬುದೇ ಹಾಗೆ ಬಂದದ್ದು. ಲೇಖಕರು ಇದನ್ನು ಬೆರಳು ಮಾಡಿ ತೋರಿಸುವುದಿಲ್ಲ. ಒಂದು ಕಡೆ ಒಂದು ತುಣುಕು, ಹತ್ತು ಪುಟ ದಾಟಿ ಇನ್ನೊಂದು ತುಣುಕು ಇಟ್ಟು ಸುಮ್ಮನಾಗುತ್ತಾರೆ. ಜೋಡಿಸಿಕೊಳ್ಳುವ ಕೆಲಸ ಓದುಗರದು.

ಕಷ್ಟವಾಗುವುದೂ ಇಲ್ಲೇ. ಕಾಲ ಹಿಂದುಮುಂದಾಗುತ್ತದೆ, ಮಾತಾಡುತ್ತಿರುವವರು ಯಾರೆಂದು ತಕ್ಷಣ ತಿಳಿಯುವುದಿಲ್ಲ, ಸಾಲುಗಳು ಗದ್ಯದಂತೆ ಶುರುವಾಗಿ ಪದದಂತೆ ಮುಗಿಯುತ್ತವೆ. ಬೆಂಗಳೂರು, ಧಾರವಾಡದ ಓದುಗರಿಗೆ ಇದರ ಜತೆ ಸೀಮೆಯ ಮಾತಿನ ತೊಡಕೂ ಸೇರುತ್ತದೆ. ಹಳಗನ್ನಡ ಕಾವ್ಯಗಳನ್ನು ಸಂಪಾದಿಸಿದ ವಿದ್ವಾಂಸ ಎಲ್. ಬಸವರಾಜು ಈ ಗದ್ಯವನ್ನು ಪದ್ಯದ ಸಾಲುಗಳಾಗಿ ಒಡೆದು ಬರೆದು ಇನ್ನೊಂದು ರೂಪದಲ್ಲಿ ಪ್ರಕಟಿಸಿದರು. ಪಂಪ ರನ್ನರಿಗೆ ಸಲ್ಲುವ ಉಪಚಾರ ಬದುಕಿರುವ ಕಾದಂಬರಿಕಾರರೊಬ್ಬರಿಗೆ ಸಂದ ಉದಾಹರಣೆ ಕನ್ನಡದಲ್ಲಿ ಇನ್ನೊಂದು ಸಿಗುವುದು ಕಷ್ಟ. ಮೈಸೂರಿನ ರಂಗಾಯಣ ಇದನ್ನು ಆಡಿತು. ಸೂಸನ್ ಡೇನಿಯಲ್ ಮಾಡಿದ ಇಂಗ್ಲಿಷ್ ಅನುವಾದವನ್ನು ಆಕ್ಸ್‌ಫರ್ಡ್ ಯೂನಿವರ್ಸಿಟಿ ಪ್ರೆಸ್ 2015ರಲ್ಲಿ ಹೊರತಂದಿತು.

ನೀಲಗಾರರ ರಾತ್ರಿಯ ಋಣ

ದೀಪಗಳು ಮಾತಾಡುವುದನ್ನು ಕಂಡ ಕೆಲವು ವಿಮರ್ಶಕರು ಲ್ಯಾಟಿನ್ ಅಮೆರಿಕದ ಮಾರ್ಕ್ವೆಜ್ ಹೆಸರು ತೆಗೆದರು. ಅಷ್ಟು ದೂರ ಹೋಗಬೇಕಿರಲಿಲ್ಲ. ಆರಿದ ದೀಪಗಳು ರಾತ್ರಿ ಗುಡಿಯಲ್ಲಿ ಸೇರಿ ಹರಟುವ ಕತೆ ಕನ್ನಡ ಜನಪದದಲ್ಲೇ ಇದೆ. ರಾಮಾನುಜನ್ ಅದನ್ನು ಸಂಗ್ರಹಿಸಿದ್ದರು. ಗಿರೀಶ ಕಾರ್ನಾಡರ ‘ನಾಗಮಂಡಲ’ ಶುರುವಾಗುವುದೂ ಅದೇ ದೀಪಗಳಿಂದ.

ಚಾಮರಾಜನಗರ ಸೀಮೆಯಲ್ಲಿ ಹುಟ್ಟಿದವರಿಗೆ ಇದಕ್ಕಿಂತ ಹತ್ತಿರದ ಮೂಲ ಗೊತ್ತು. ಮಾದಪ್ಪನ ಕತೆಯನ್ನು ದೇವರಗುಡ್ಡರು ಕಂಸಾಳೆ ಹಿಡಿದು ಹಾಡುತ್ತಾರೆ. ಮಂಟೇಸ್ವಾಮಿ, ಸಿದ್ದಪ್ಪಾಜಿಯರ ಕತೆಯನ್ನು ನೀಲಗಾರರು ತಂಬೂರಿ ಮೀಟುತ್ತಾ ಹಾಡುತ್ತಾರೆ. ರಾತ್ರಿ ಶುರುವಾದದ್ದು ಬೆಳಗಿನ ಜಾವಕ್ಕೆ ಮುಗಿದರೆ ಉಂಟು. ಮುಮ್ಮೇಳದ ಹಾಡುಗಾರ ಒಂದಷ್ಟು ಹಾಡಿ ನಿಲ್ಲಿಸುತ್ತಾನೆ, ಮಾತಿಗಿಳಿಯುತ್ತಾನೆ, ಪಾತ್ರವೇ ತಾನಾಗಿ ಅಳುತ್ತಾನೆ, ಹಿಮ್ಮೇಳದವರು ಸೊಲ್ಲು ಎತ್ತಿಕೊಳ್ಳುತ್ತಾರೆ, ಮತ್ತೆ ಹಾಡು. ಕತೆ ನೆಟ್ಟಗೆ ಹೋಗುವುದಿಲ್ಲ; ನಡುವೆ ಊರಿನ ಸುದ್ದಿಯೂ ಕೂತವರ ಗೇಲಿಯೂ ಬಂದು ಹೋಗುತ್ತದೆ. ಮುಂದೇನಾಗುತ್ತದೆಂದು ಕೇಳುವವರಿಗೆಲ್ಲ ಮೊದಲೇ ಗೊತ್ತು. ಹೇಗೆ ಹೇಳುತ್ತಾರೆ ನೋಡೋಣ ಎಂದೇ ರಾತ್ರಿಯೆಲ್ಲ ಎದ್ದಿರುತ್ತಾರೆ. ‘ಕುಸುಮಬಾಲೆ’ಯ ಕಟ್ಟಡ ಇದೇ.

ಹುರುಳೂ ಅಲ್ಲಿಂದಲೇ ಬಂದಿದೆ. ಧರೆಗೆ ದೊಡ್ಡವರೆನಿಸಿಕೊಂಡ ಮಂಟೇಸ್ವಾಮಿ ಹೊಲಸು ಮೆತ್ತಿದ ವೇಷದಲ್ಲಿ ಬಸವಣ್ಣನ ಕಲ್ಯಾಣಕ್ಕೆ ಬಂದು, ಮಡಿ ಉಟ್ಟ ಶರಣರ ಸತ್ವ ಪರೀಕ್ಷಿಸುತ್ತಾರೆ. ಸಿದ್ದಪ್ಪಾಜಿ ಹಲಗೂರು ಪಾಂಚಾಳರಲ್ಲಿಗೆ ಕಬ್ಬಿಣದ ಭಿಕ್ಷೆಗೆ ಹೋಗುತ್ತಾರೆ. ಸಿದ್ದಪ್ಪಾಜಿಯ ಹೆಸರಿನಲ್ಲಿ ಸೇರುವ ಕೊಳ್ಳೇಗಾಲ ಸೀಮೆಯ ಚಿಕ್ಕಲ್ಲೂರು ಜಾತ್ರೆ ಬನದ ಹುಣ್ಣಿಮೆಗೆ ಶುರುವಾಗಿ 5 ದಿನ ನಡೆಯುತ್ತದೆ. ಅದರ ಪಂಕ್ತಿಸೇವೆಯಲ್ಲಿ ಜಾತಿಯ ಹಂಗಿಲ್ಲದೆ ಒಟ್ಟಿಗೆ ಕೂತು ಉಣ್ಣುವುದೇ ಪೂಜೆ. ಮೇಲು ಕೀಳನ್ನು ಪ್ರಶ್ನಿಸುವ ಸಾಹಿತ್ಯ ಈ ನಾಡಿಗೆ ಪುಸ್ತಕದಿಂದ ಬರಬೇಕಾಗಿರಲಿಲ್ಲ. ಮಹಾದೇವ ಅದನ್ನು ಕಾದಂಬರಿಯ ಒಳಗೆ ಕರೆತಂದರು, ಕರೆತರುವಾಗ ಅದರ ಮೈಕೈ ತೊಳೆದು ಶಿಷ್ಟ ಬಟ್ಟೆ ತೊಡಿಸಲಿಲ್ಲ.

ಗ್ಲಾಸ್ಗೋದಲ್ಲೂ ಇದೇ ತಕರಾರು

ಆಡುಮಾತಿನಲ್ಲಿ ಕಾದಂಬರಿ ಬರೆಯಬಹುದೇ ಎಂಬ ಜಗಳ ಕನ್ನಡದ್ದು ಮಾತ್ರವಲ್ಲ. ಮಹಾದೇವ ಅವರಿಗಿಂತ 2 ವರ್ಷ ಹಿರಿಯರಾದ ಜೇಮ್ಸ್ ಕೆಲ್ಮನ್ ಸ್ಕಾಟ್ಲೆಂಡಿನ ಗ್ಲಾಸ್ಗೋ ನಗರದ ದುಡಿಯುವ ಜನರ ನಡುವಿನಿಂದ ಬಂದ ಬ್ರಿಟಿಷ್ ಕಾದಂಬರಿಕಾರ. ಇದ್ದಕ್ಕಿದ್ದಂತೆ ಕಣ್ಣು ಕಳೆದುಕೊಂಡ ಒಬ್ಬ ಬಡವನ ಕತೆಯನ್ನು ಗ್ಲಾಸ್ಗೋ ಬೀದಿಯ ಮಾತಿನಲ್ಲಿ, ಬೈಗುಳ ಸಮೇತ ಬರೆದರು. ಅದಕ್ಕೆ 1994ರ ಬೂಕರ್ ಪ್ರಶಸ್ತಿ ಬಂದಾಗ ತೀರ್ಪುಗಾರರಲ್ಲೇ ಒಬ್ಬರು ಬಹಿರಂಗವಾಗಿ ಸಿಡಿದೆದ್ದರು. ಲಂಡನ್ ಪತ್ರಿಕೆಗಳು ಇದು ಸಾಹಿತ್ಯವೇ ಎಂದು ಕೇಳಿದವು. ತನ್ನ ಜನ ಆಡುವ ಮಾತಿಗೂ ಸಂಸ್ಕೃತಿಗೂ ಇರುವ ಹಕ್ಕನ್ನು ಕೆಲ್ಮನ್ ಪ್ರಶಸ್ತಿ ವೇದಿಕೆಯಲ್ಲೇ ಸಮರ್ಥಿಸಿಕೊಂಡರು.

ಇಬ್ಬರ ನಡುವೆ ಒಂದು ಮುಖ್ಯ ವ್ಯತ್ಯಾಸವಿದೆ. ಕೆಲ್ಮನ್ ಬೂಕರ್‌ಗೆ ಮುಂಚೆಯೂ ಆಮೇಲೂ ಕತೆ ಕಾದಂಬರಿಗಳನ್ನು ಬರೆಯುತ್ತಲೇ ಹೋದರು. ಮಹಾದೇವ ‘ಕುಸುಮಬಾಲೆ’ಯ ನಂತರ ಇನ್ನೊಂದು ಕಾದಂಬರಿ ಕೊಡಲಿಲ್ಲ. ಕೈಯಲ್ಲಿ ಮಾತು ಇದ್ದೂ ಬರೆಯದಿರುವುದು ಓದುಗರಿಗೆ ನಷ್ಟವೇ, ಅದನ್ನು ಸಂತನ ಮೌನವೆಂದು ಹೊಗಳಿ ಮುಚ್ಚಬೇಕಾದ್ದಿಲ್ಲ. ಆದರೆ ಅವರ ಗದ್ಯ ಬೇಗ ಬೆಳೆಯುವ ಜಾತಿಯದಲ್ಲ. ಒಂದೊಂದು ಸಾಲೂ ಬಾಯಲ್ಲಿ ಆಡಿ, ಕಿವಿಯಲ್ಲಿ ಕೇಳಿ ಇಟ್ಟಂತಿದೆ. ಮೂರನೆಯ ಪುಸ್ತಕದಲ್ಲಿ ಅದು ತಲುಪಿದ ತುದಿಯಿಂದ ಮುಂದಿನ ಹೆಜ್ಜೆ ಸುಲಭವಿರಲಿಲ್ಲ ಎಂಬುದು ಪುಟ ತಿರುವಿದರೆ ಗೊತ್ತಾಗುತ್ತದೆ.

ಬೇಡವೆಂದದ್ದರ ಪಟ್ಟಿ

ಕತೆ ನಿಂತ ಮೇಲೆ ಲೇಖನ, ಭಾಷಣ, ಸಂಘಟನೆ ಮುಂದುವರಿದವು. ರೈತ ಮತ್ತು ದಲಿತ ಚಳವಳಿಗಳನ್ನು ಒಂದೇ ರಾಜಕೀಯ ವೇದಿಕೆಗೆ ತರುವ ಸರ್ವೋದಯ ಕರ್ನಾಟಕ ಪಕ್ಷದ ಪ್ರಯತ್ನದಲ್ಲಿ ಅವರಿದ್ದರು. ಚುನಾವಣೆಯ ಲೆಕ್ಕದಲ್ಲಿ ಅದರಿಂದ ದೊಡ್ಡದೇನೂ ಆಗಲಿಲ್ಲ. ಹಲವು ವರ್ಷಗಳ ಬಿಡಿಬರಹಗಳು 2012ರಲ್ಲಿ ‘ಎದೆಗೆ ಬಿದ್ದ ಅಕ್ಷರ’ ಎಂಬ ಹೆಸರಿನಲ್ಲಿ ಒಟ್ಟಾಗಿ ಬಂದು ಮರುಮುದ್ರಣಗಳನ್ನು ಕಂಡವು. ಕತೆಗಾರ ಮಹಾದೇವರನ್ನು ಓದದ ತಲೆಮಾರು ಈ ಪುಸ್ತಕದಿಂದ ಅವರನ್ನು ಕಂಡುಕೊಂಡಿತು.

ಇನ್ನು ಪ್ರಶಸ್ತಿಗಳು. 2010ರಲ್ಲಿ ನೃಪತುಂಗ ಪ್ರಶಸ್ತಿಯನ್ನು ನಿರಾಕರಿಸಿದರು. ಪ್ರಾಥಮಿಕ ಶಿಕ್ಷಣ ಕನ್ನಡ ಮಾಧ್ಯಮದಲ್ಲಿ ಆಗದಿರುವಾಗ ಕನ್ನಡದ ಹೆಸರಿನ ಗೌರವ ತೆಗೆದುಕೊಳ್ಳಲು ಮನಸ್ಸಾಗದು ಎಂಬುದು ಅವರು ಕೊಟ್ಟ ಕಾರಣ. 2015ರ ಶ್ರವಣಬೆಳಗೊಳ ಸಾಹಿತ್ಯ ಸಮ್ಮೇಳನದ ಅಧ್ಯಕ್ಷತೆಯನ್ನೂ ಇದೇ ವಿಷಯ ಮುಂದಿಟ್ಟು ಬೇಡವೆಂದರು. ಆ ಪೀಠದಲ್ಲಿ ಅವರ ಹಳೆಯ ಸಂಗಾತಿ ಸಿದ್ದಲಿಂಗಯ್ಯ ಕೂತರು. 2011ರಲ್ಲಿ ಬಂದ ಪದ್ಮಶ್ರೀಯನ್ನೂ 1990ರ ಅಕಾಡೆಮಿ ಪ್ರಶಸ್ತಿಯನ್ನೂ, ದೇಶದಲ್ಲಿ ಅಸಹನೆ ಬೆಳೆಯುತ್ತಿದೆ ಎಂದು ಲೇಖಕರು ಪ್ರತಿಭಟಿಸಿದ 2015ರಲ್ಲಿ ಹಿಂದಿರುಗಿಸಿದರು.

2022ರಲ್ಲಿ ಅವರು ಎರಡು ಸಲ ಸುದ್ದಿಯಾದರು. ಪಠ್ಯಪುಸ್ತಕ ಪರಿಷ್ಕರಣೆಯ ವಿವಾದದ ನಡುವೆ ಹತ್ತನೇ ತರಗತಿಯ ತಮ್ಮ ಪಾಠಕ್ಕೆ ಕೊಟ್ಟ ಒಪ್ಪಿಗೆಯನ್ನು ವಾಪಸು ಪಡೆದರು. ಅದೇ ವರ್ಷ ‘ಆರ್‌ಎಸ್‌ಎಸ್: ಆಳ ಮತ್ತು ಅಗಲ’ ಎಂಬ ಕಿರುಹೊತ್ತಗೆ ಬರೆದು, ಹಲವು ಪ್ರಕಾಶಕರು ಒಟ್ಟೊಟ್ಟಿಗೆ ಅಚ್ಚು ಹಾಕಲು ಬಿಟ್ಟುಕೊಟ್ಟರು. ಪರ ವಿರೋಧ ಎರಡೂ ಜೋರಾಗಿದ್ದವು, ಪುಸ್ತಕ ಬಿಸಿದೋಸೆಯಂತೆ ಖರ್ಚಾಯಿತು. ಅದನ್ನು ಕೊಂಡವರು ‘ಒಡಲಾಳ’ವನ್ನೂ ಕೊಂಡಿದ್ದರೆ ಚೆನ್ನಾಗಿತ್ತು.

ಕತೆಯ ಊರು ಈಗ

ಈ ಪುಸ್ತಕಗಳನ್ನು ಹಳೆಯ ಕಾಲದ ದಾಖಲೆ ಎಂದು ಓದಲು ಊರುಗಳು ಬಿಡುತ್ತಿಲ್ಲ. 2019ರ ಜೂನ್‌ನಲ್ಲಿ ಗುಂಡ್ಲುಪೇಟೆ ತಾಲ್ಲೂಕಿನಲ್ಲಿ ದಲಿತ ಯುವಕನೊಬ್ಬನನ್ನು ಥಳಿಸಿ ಬೆತ್ತಲೆ ನಡೆಸಿದ ದೃಶ್ಯ ರಾಜ್ಯವೆಲ್ಲ ಹರಿದಾಡಿತು. 2022ರ ನವೆಂಬರ್‌ನಲ್ಲಿ ಚಾಮರಾಜನಗರ ತಾಲ್ಲೂಕಿನ ಹೆಗ್ಗೊಠಾರದಲ್ಲಿ ದಲಿತ ಮಹಿಳೆ ನೀರು ಕುಡಿದರೆಂದು ತೊಂಬೆಯ ನೀರು ಹರಿಯಬಿಟ್ಟು ಗೋಮೂತ್ರದಿಂದ ತೊಳೆದ ಪ್ರಕರಣ ಠಾಣೆಯ ಮೆಟ್ಟಿಲೇರಿತು. ಜಾತಿಯ ಗೆರೆ ಎಲ್ಲಿ ಹಾದುಹೋಗುತ್ತದೆ, ಯಾರ ಮೈಮೇಲೆ ಹಾದುಹೋಗುತ್ತದೆ ಎಂಬುದನ್ನು ‘ದ್ಯಾವನೂರು’ ಹೇಳಿ 50 ವರ್ಷ ದಾಟಿದೆ.

ಬದಲಾದದ್ದೂ ಇದೆ. ಈ ಸೀಮೆಯಿಂದ ಬರೆಯುವವರಿಗೆ ತಮ್ಮ ಮನೆಮಾತಿನಲ್ಲಿ ಬರೆಯಲು ಈಗ ಯಾರ ಅಪ್ಪಣೆಯೂ ಬೇಕಿಲ್ಲ. ಚಾಮರಾಜನಗರದ ಮೂಡ್ನಾಕೂಡಿನಿಂದ ಬಂದ ಕವಿ ಮೂಡ್ನಾಕೂಡು ಚಿನ್ನಸ್ವಾಮಿ 2022ರ ಅಕಾಡೆಮಿ ಪ್ರಶಸ್ತಿ ಪಡೆದರು. ಮಲೆ ಮಹದೇಶ್ವರ ಬೆಟ್ಟದ ಸೀಮೆಯ ಕತೆಗಾರ ಸ್ವಾಮಿ ಪೊನ್ನಾಚಿ ಅವರ ‘ಧೂಪದ ಮಕ್ಕಳು’ ಸಂಕಲನಕ್ಕೆ 2020ರ ಅಕಾಡೆಮಿ ಯುವ ಪುರಸ್ಕಾರ ಬಂತು.

‘ಕುಸುಮಬಾಲೆ’ ಅರ್ಥವಾಗುವುದಿಲ್ಲ ಎಂದು ಕೆಳಗಿಟ್ಟವರು ಅದನ್ನು ಮತ್ತೆ ಎತ್ತಿಕೊಳ್ಳುವ ಮುಂಚೆ ‘ಅಮಾಸ’ ಓದಲಿ, ಆಮೇಲೆ ‘ಒಡಲಾಳ’. ಅಷ್ಟಾದ ಮೇಲೆ ‘ಕುಸುಮಬಾಲೆ’ಯನ್ನು ಕಣ್ಣಿನಲ್ಲಿ ಓದದೆ ಬಾಯಿಬಿಟ್ಟು ಗಟ್ಟಿಯಾಗಿ ಓದಬೇಕು, ಚಾಮರಾಜನಗರ, ಗುಂಡ್ಲುಪೇಟೆಯ ಹಳ್ಳಿಗಳಲ್ಲಿ ಮನೆಯ ಹಿರಿಯರನ್ನು ಎದುರಿಗೆ ಕೂರಿಸಿಕೊಂಡು ಓದಿದರೆ ಇನ್ನೂ ಒಳ್ಳೆಯದು. ಎಲ್ಲಿ ತೊಡರಿದರೂ ಅವರು ಬಿಡಿಸಿ ಹೇಳುತ್ತಾರೆ.